ರೀಲು ತಪ್ಪಿದ ವೆರೋನಿಕಾ

ನಾನು ಬಾಲ್ಯದಲ್ಲಿ ಕಂಡ ಸುಂದರಿಯರೆಲ್ಲ ಬೆಳಗಿನ ಜಾವ ಚೌಕಿಯ ಹಿಂದೆ ನಿಂತು ಬೀಡಿ ಸೇದುತ್ತಿದ್ದರು. ದಮಯಂತಿ ಸೇದುತ್ತಿದ್ದಳು, ಪ್ರಭಾವತಿ ಸೇದುತ್ತಿದ್ದಳು. ನಡುರಾತ್ರಿಯಲ್ಲಿ ಭೀಷ್ಮನನ್ನು ಎದುರಿಗೆ ನಿಲ್ಲಿಸಿ ನಮ್ಮ ಎದೆ ನಡುಗಿಸಿದ ಅಂಬೆಯಂತೂ ಒಂದು ಮುಗಿಯುವ ಮೊದಲೇ ಇನ್ನೊಂದಕ್ಕೆ ಬೆಂಕಿ ಕೇಳುತ್ತಿದ್ದಳು. ರಾತ್ರಿ ನಮ್ಮನ್ನು ಅಳಿಸಿದ ಕಣ್ಣಿನ ಕಾಡಿಗೆ ಗಲ್ಲಕ್ಕೆ ಇಳಿದಿರುತ್ತಿತ್ತು, ಆ ಗಲ್ಲದಲ್ಲಿ ಗಡ್ಡ ಚಿಗುರಿರುತ್ತಿತ್ತು.

ಇದು ನಮಗೆ ವಿಚಿತ್ರವೆಂದು ಅನಿಸಿದ್ದೇ ಇಲ್ಲ. ಯಕ್ಷಗಾನದ ಪಾರ್ತಿಸುಬ್ಬ ಹುಟ್ಟಿದ ಕುಂಬಳೆ ಸೀಮೆ ನಮ್ಮದು. ಹೆಣ್ಣೆಂದರೆ ಗಂಡಸರು ಕಟ್ಟುವ ಒಂದು ಕಷ್ಟದ ವೇಷ ಎಂದೇ ನಾವು ತಿಳಿದುಕೊಂಡಿದ್ದೆವು. ಕೋಳ್ಯೂರು ರಾಮಚಂದ್ರ ರಾಯರ ಸ್ತ್ರೀವೇಷ ರಂಗಸ್ಥಳಕ್ಕೆ ಬಂದರೆ ನನ್ನ ಅಜ್ಜಿ ಎದ್ದು ಸರಿಯಾಗಿ ಕುಳಿತುಕೊಳ್ಳುತ್ತಿದ್ದರು. ಮರುದಿನ ಮನೆಯ ಹೆಣ್ಣುಮಕ್ಕಳನ್ನು ಸಾಲಾಗಿ ನೋಡಿ, "ನೀವೂ ನಡೆಯುತ್ತೀರಿ! ನಿನ್ನೆ ಅವರು ನಡೆದದ್ದು ಕಂಡಿರಾ? ಹೆಂಗಸು ಎಂದರೆ ಹಾಗೆ ನಡೆಯಬೇಕು" ಎನ್ನುತ್ತಿದ್ದರು. ಪಾಪ, ಅವರೆಲ್ಲ ಹುಟ್ಟಿದಂದಿನಿಂದ ಹೆಂಗಸರೇ ಆಗಿದ್ದವರು, ಆ ಮಟ್ಟಕ್ಕೆ ಏರುವುದು ಅವರಿಂದ ಸಾಧ್ಯವಾಗಲಿಲ್ಲ.

ಹೆಂಗಸಿನ ಪಾತ್ರವನ್ನು ಹೆಂಗಸರೇ ಮಾಡಬಹುದು ಎಂದು ನನಗೆ ಮೊದಲು ತೋರಿಸಿಕೊಟ್ಟದ್ದು ಸೋವಿಯತ್ ಒಕ್ಕೂಟ.

ಅದು ನಮ್ಮ ಮನೆಗೆ ಬರುತ್ತಿದ್ದುದು ಅಂಚೆಯಲ್ಲಿ. ಬದಿಯಡ್ಕದಿಂದ ಒಳಗೆ, ತೋಟ, ಗುಡ್ಡ, ಮತ್ತೆ ತೋಟ ದಾಟಿದರೆ ನಮ್ಮ ಮನೆ. ಅಲ್ಲಿಗೆ ದೆಹಲಿಯಿಂದ ಸೋವಿಯತ್ ಲ್ಯಾಂಡ್ ಪತ್ರಿಕೆ ಬರುತ್ತಿತ್ತು. ಚಂದಾ ಕಟ್ಟಿದ್ದು ನನ್ನ ಸೋದರಮಾವ. ಅವರು ಚಂದ್ರಗಿರಿ ಹೊಳೆಯ ಆಚೆ, ಚೀಮೇನಿ ಕಡೆಯ ಒಂದು ಶಾಲೆಯಲ್ಲಿ ಮೇಷ್ಟ್ರು. ಪಕ್ಷದವರು. ತಮಗೆ ಮಲಯಾಳದ 'ಸೋವಿಯತ್ ನಾಡ್' ತರಿಸಿಕೊಂಡು, ಅಕ್ಕನ ಮನೆಯವರು ಕತ್ತಲೆಯಲ್ಲಿ ಉಳಿಯಬಾರದೆಂದು ನಮಗೆ ಕನ್ನಡದ್ದಕ್ಕೆ ಹಣ ಕಟ್ಟಿದ್ದರು. ಚಂದಾ ಜುಜುಬಿ. ಅದರ ಮೇಲೆ ವರ್ಷಕ್ಕೊಂದು ಬಣ್ಣದ ಕ್ಯಾಲೆಂಡರ್ ಬೇರೆ. ನಾವು ಕತ್ತಲೆಯಲ್ಲೇ ಉಳಿದೆವು, ಆದರೆ ಆ ಕಾಗದ ಬಹಳ ಉಪಯೋಗಕ್ಕೆ ಬಂತು. ಅಷ್ಟು ನುಣುಪಾದ, ಅಷ್ಟು ದಪ್ಪದ ಕಾಗದ ಆ ಕಾಲದಲ್ಲಿ ನಮ್ಮ ಜಿಲ್ಲೆಯಲ್ಲೇ ಬೇರೆ ಇರಲಿಲ್ಲ. ಜೂನ್ ತಿಂಗಳಲ್ಲಿ ಶಾಲೆ ಸುರುವಾಗುವಾಗ ಪುಸ್ತಕಗಳಿಗೆ ಬೈಂಡು ಹಾಕಲು ಅದಕ್ಕಿಂತ ಒಳ್ಳೆಯದು ಇಲ್ಲ. ನೀರು ಬಿದ್ದರೆ ಒರೆಸಿದರಾಯಿತು. ಕಾಸರಗೋಡಿನ ಮಳೆಗೆ ಉತ್ತರ ಕೊಡಬಲ್ಲ ಏಕೈಕ ಸಮಾಜವಾದಿ ಸಾಧನೆ ಅದು ಎಂದು ಅಪ್ಪ ಮಾವನನ್ನು ಚುಚ್ಚುತ್ತಿದ್ದರು.

ಹೀಗಾಗಿ ನನ್ನ ಸಮಾಜ ಪುಸ್ತಕಕ್ಕೆ ಅಣೆಕಟ್ಟು, ವಿಜ್ಞಾನಕ್ಕೆ ಗೋಧಿ ಕೊಯ್ಯುವ ಯಂತ್ರ, ಕನ್ನಡಕ್ಕೆ ಗಗನಯಾತ್ರಿ. ಗಣಿತಕ್ಕೆ ಒಬ್ಬಳು ಹೆಂಗಸು ಸಿಕ್ಕಿದಳು. ಕಪ್ಪು ಕೂದಲು, ಸ್ವಲ್ಪ ಓರೆಯಾದ ದೊಡ್ಡ ಕಪ್ಪು ಕಣ್ಣು. ಪತ್ರಿಕೆಯ ಉಳಿದ ಹೆಂಗಸರೆಲ್ಲ ಟ್ರ್ಯಾಕ್ಟರಿನ ಮೇಲೆ ಕುಳಿತು ನಗುತ್ತಿದ್ದರೆ ಇವಳೊಬ್ಬಳು ನಗುತ್ತಿರಲಿಲ್ಲ. ಚೌಕಿಯ ಹಿಂದೆ ಬೀಡಿ ಸೇದುವ ಜಾತಿಯವಳಲ್ಲ ಎಂದು ನೋಡಿದ ಕೂಡಲೇ ಗೊತ್ತಾಗುತ್ತಿತ್ತು. ನಮ್ಮ ಗಣಿತದ ಮೇಷ್ಟ್ರು ಪುಸ್ತಕವನ್ನು ಕೈಯಲ್ಲಿ ಹಿಡಿದು, ಮುಖಪುಟವನ್ನು ಒಮ್ಮೆ, ನನ್ನನ್ನು ಒಮ್ಮೆ ನೋಡಿ, "ಇವಳ ಮುಖ ನೋಡಿದರೆ ನಿನ್ನ ಮಾರ್ಕು ಮೊದಲೇ ಗೊತ್ತಿದ್ದ ಹಾಗೆ ಉಂಟು" ಎಂದಿದ್ದರು.

ವರ್ಷಾಂತ್ಯದಲ್ಲಿ ಪುಸ್ತಕವನ್ನು ತಮ್ಮನಿಗೆ ದಾಟಿಸುವ ಮೊದಲು ಬೈಂಡು ಬಿಚ್ಚಿದಾಗ ಒಳಮಡಿಕೆಯಲ್ಲಿ ಹೆಸರು ಇತ್ತು. ತತ್ಯಾನಾ ಸಮೋಯ್ಲೊವಾ, ಅನ್ನಾ ಕರೆನಿನಾ ಪಾತ್ರದಲ್ಲಿ. ಇಡೀ ವರ್ಷ ಜೊತೆಗಿದ್ದವಳ ಹೆಸರು ನನ್ನ ತೊಡೆಯ ಮೇಲೇ ಮಡಚಿಕೊಂಡಿತ್ತು.

ಮಾವನನ್ನು ಕೇಳಿದೆ. ಮಾವನಿಗೆ ಗೊತ್ತಿಲ್ಲದ್ದು ಸೋವಿಯತ್ ಒಕ್ಕೂಟದಲ್ಲಿ ಯಾವುದೂ ಇರಲಿಲ್ಲ. ಹುಟ್ಟಿದ್ದು 1934ರ ಮೇ 4ರಂದು, ಲೆನಿನ್‌ಗ್ರಾಡಿನಲ್ಲಿ. ಅಪ್ಪ ಯೆವ್ಗೆನಿ ಸಮೋಯ್ಲೊವ್ ಕೂಡ ದೊಡ್ಡ ನಟ, ದೊವ್‌ಜೆಂಕೊ 1939ರಲ್ಲಿ ಮಾಡಿದ ಚಿತ್ರದಲ್ಲಿ ಅಂತರ್ಯುದ್ಧದ ವೀರ ಶ್ಚೋರ್ಸ್ ಆದವರು. "ಕಲಾವಿದರ ಮನೆತನ" ಎಂದರು ಮಾವ. ನಮ್ಮಲ್ಲಿ ಭಾಗವತರ ಮಗ ಭಾಗವತನಾಗುವುದನ್ನು ಊಳಿಗಮಾನ್ಯ ಪದ್ಧತಿ ಎನ್ನುತ್ತಿದ್ದ ಮಾವ, ಮಾಸ್ಕೋದಲ್ಲಿ ಅದೇ ಆದರೆ ಕಲಾವಿದರ ಮನೆತನ ಎನ್ನುತ್ತಿದ್ದರು. ಅವರ ಮೇಲೆ ನನಗೆ ಸಿಟ್ಟಿಲ್ಲ. ಒಂದು ದೇಶವನ್ನು ನೋಡದೆಯೇ ಅಷ್ಟು ಪ್ರೀತಿಸುವವರು ಈಗ ಸಿಗುವುದಿಲ್ಲ. ನೋಡಿದವರೂ ಅಷ್ಟು ಪ್ರೀತಿಸುವುದಿಲ್ಲ.

ಚಂದ್ರಗಿರಿಯ ಆಚೆಯದು ಬೇರೆಯೇ ಲೋಕ. ಈಚೆಗೆ ತಾಳಮದ್ದಳೆ, ಆಚೆಗೆ ವಾಯನಶಾಲೆ. ಬೀಡಿ ಕಟ್ಟುವ ಶೆಡ್ಡುಗಳಲ್ಲಿ ಒಬ್ಬ ಕೆಲಸಗಾರ ಗಟ್ಟಿಯಾಗಿ ಪೇಪರು ಓದಬೇಕು, ಉಳಿದವರು ಅವನ ಪಾಲಿನ ಬೀಡಿಯನ್ನೂ ಕಟ್ಟಿಕೊಡಬೇಕು. ಅದು ಆಗ ಅಲ್ಲಿಯ ರಿವಾಜಾಗಿತ್ತು. ಎಲೆ ಕತ್ತರಿಸುತ್ತಲೇ ಗಾರ್ಕಿಯ ಕಾದಂಬರಿ ಕೇಳಿ ಮುಗಿಸಿದವರು ಅಲ್ಲಿದ್ದರು. ಮಾವನ ಶಾಲೆಯಿಂದ ಸ್ವಲ್ಪ ದೂರಕ್ಕೆ ಕಯ್ಯೂರು. 1943ರ ಮಾರ್ಚ್ 29ರಂದು ಮಠತ್ತಿಲ್ ಅಪ್ಪು, ಚಿರುಕಂಡನ್, ಕುಂಞಂಬು ನಾಯರ್, ಅಬೂಬಕ್ಕರ್ ಎಂಬ ನಾಲ್ವರು ರೈತ ಹುಡುಗರನ್ನು ಕಣ್ಣೂರಿನ ಸೆರೆಮನೆಯಲ್ಲಿ ಗಲ್ಲಿಗೇರಿಸಿದರಲ್ಲ, ಅವರ ಊರು. ನಿರಂಜನರು 1955ರಲ್ಲಿ 'ಚಿರಸ್ಮರಣೆ' ಬರೆದದ್ದು ಅವರ ಮೇಲೆಯೇ. ಮಲಯಾಳದಲ್ಲಿ ಲೆನಿನ್ ರಾಜೇಂದ್ರನ್ ಎಂಬ, ಹೆಸರಿನಲ್ಲೇ ಅರ್ಧ ಕೆಲಸ ಮುಗಿಸಿಕೊಂಡ ನಿರ್ದೇಶಕರು ಆ ಘಟನೆಯ ಸಿನಿಮಾ ಮಾಡಿದ್ದು 1986ರಲ್ಲಿ. ಹೋದ ಹುಡುಗರು ವಾಪಸು ಬಾರದ ಕತೆಯನ್ನು ಆ ಊರುಗಳಿಗೆ ರಷ್ಯದವರು ಬಂದು ಹೇಳಬೇಕಾಗಿರಲಿಲ್ಲ.

ಆದರೂ ಹೇಳಿದರು. ನಾನು ಕಾಲೇಜಿಗೆ ಹೋಗುವ ವಯಸ್ಸಿನಲ್ಲಿ ಒಂದು ರಜೆಗೆ ಮಾವನ ಮನೆಗೆ ಹೋದಾಗ, ಅಲ್ಲಿಯ ಶಾಲೆಯ ಮೈದಾನದಲ್ಲಿ 'ಹಾರುವ ಕೊಕ್ಕರೆಗಳು' ತೋರಿಸುತ್ತೇವೆ ಎಂದು ಜೀಪಿಗೆ ಮೈಕು ಕಟ್ಟಿ ಸಾರಿದರು. ನಾಯಕಿ ನನ್ನ ಗಣಿತದವಳು ಎಂದು ಮಾವ ಹೇಳಿದಾಗ ನಾನು ಮಧ್ಯಾಹ್ನವೇ ಸ್ನಾನ ಮಾಡಿ ತಲೆ ಬಾಚಿಕೊಂಡೆ.

ಎರಡು ಡಬಲ್ ಮುಂಡುಗಳನ್ನು ಹೊಲಿದು ಕಟ್ಟಿದ ಪರದೆ. ಹದಿನಾರು ಮಿಲಿಮೀಟರಿನ ಪ್ರೊಜೆಕ್ಟರು, ಮೂರು ಡಬ್ಬಿ ರೀಲು. ಮಾತು ರಷ್ಯನ್, ಕೆಳಗೆ ಇಂಗ್ಲಿಷ್ ಅಕ್ಷರ. ಎರಡೂ ಬಾರದವರಿಗಾಗಿ ಒಬ್ಬರು ಸಖಾವು, ಎಂದರೆ ಕಾಮ್ರೇಡ್, ಮೈಕು ಹಿಡಿದು ಮಲಯಾಳದಲ್ಲಿ ಕತೆ ಹೇಳುವುದು ಎಂದಾಗಿತ್ತು. ಅವರ ಕೈಯಲ್ಲಿ ಅಚ್ಚು ಹಾಕಿದ ಕಥಾಸಾರ. ಎಲ್ಲ ಅಚ್ಚುಕಟ್ಟು. ಆದರೆ ಎರಡನೆಯ ಡಬ್ಬಿಯನ್ನು ಮೊದಲು ಹಾಕಿಬಿಟ್ಟರು.

ಪರದೆಯ ಮೇಲೆ ಕೆಸರು, ಚಳಿಗಾಲದ ಬೋಳು ಕಾಡು. ಒಬ್ಬ ಸೈನಿಕನಿಗೆ ಗುಂಡು ತಗಲುತ್ತದೆ. ಅವನು ತಲೆ ಮೇಲೆತ್ತುತ್ತಾನೆ, ಬರ್ಚ್ ಮರಗಳ ತುದಿಗಳು ಆಕಾಶದಲ್ಲಿ ಗರಗರ ತಿರುಗುತ್ತವೆ. ತಿರುಗುವ ಮರಗಳ ನಡುವೆ ಅವನು ಕಾಣದ ಒಂದು ಮದುವೆಯನ್ನು ಕಾಣುತ್ತ ಬೀಳುತ್ತಾನೆ. ಅದೇ ಹೊತ್ತಿಗೆ ಸಖಾವು ಮೈಕಿನಲ್ಲಿ, "ಮಾಸ್ಕೋದ ಬೀದಿಯಲ್ಲಿ ಬೆಳಗಿನ ಜಾವ. ಬೋರಿಸ್ ಮತ್ತು ವೆರೋನಿಕಾ ಕೈಕೈ ಹಿಡಿದು ಸಂತೋಷದಿಂದ ಓಡುತ್ತಿದ್ದಾರೆ" ಎಂದು ಓದಿದರು. ಜನ ಪರದೆಯನ್ನು ನೋಡಿದರು, ಮೈಕನ್ನು ನೋಡಿದರು. ಯಾರೂ ಎದ್ದು ನಿಲ್ಲಲಿಲ್ಲ. ದೊಡ್ಡ ಕಲೆ ಹೀಗೇ ಇರುತ್ತದೆ ಎಂಬ ತಿಳುವಳಿಕೆ ಆ ಭಾಗದ ಜನರಲ್ಲಿ ಚೆನ್ನಾಗಿ ಬೇರೂರಿತ್ತು.

ಹೀಗೆ ನಾವು ಕಂಡ ವೆರೋನಿಕಾ ಮೊದಲೇ ಮಾರ್ಕ್ ಎಂಬ ಪಿಯಾನೊ ಬಾರಿಸುವವನ ಹೆಂಡತಿಯಾಗಿ, ಮುಖ ಬಾಡಿಸಿಕೊಂಡು, ಸೈಬೀರಿಯದ ಆಸ್ಪತ್ರೆಯಲ್ಲಿ ಗಾಯಾಳುಗಳ ಚಾಕರಿ ಮಾಡುತ್ತಿದ್ದಳು. ಯಾರೋ ಕೊಟ್ಟುಹೋದ ಒಂದು ಆಟದ ಅಳಿಲು. ಅದರ ಬುಟ್ಟಿಯ ಬೀಜಗಳ ಅಡಿಯಲ್ಲಿ ಯಾರೂ ನೋಡದೆ ಬಿದ್ದಿದ್ದ ಒಂದು ಪತ್ರ. ಪತ್ರ ಓದಿದಾಗ ಅವಳ ಮುಖ ಹೇಗಾಯಿತೆಂದರೆ, ಅದನ್ನು ಬರೆದವನು ಯಾರೆಂದೇ ಗೊತ್ತಿಲ್ಲದ ನಾವೂ ಮೂಗು ಒರೆಸಿಕೊಂಡೆವು. ಆ ಮೇಲೆ ಡಬ್ಬಿ ಬದಲಾಯಿತು. ಕೆಸರಿನಲ್ಲಿ ಸತ್ತವನು ನಗುತ್ತ ಎದ್ದು ಬಂದ. ಹುಡುಗಿ ಗೆಲುವಾಗಿ ಅವನ ಜೊತೆ ಓಡಿದಳು. ಆಕಾಶದಲ್ಲಿ ಕೊಕ್ಕರೆಗಳು ಹಾರಿದವು. ಅವನು ಅಳಿಲನ್ನು ಕೊಂಡುಬಂದು, ಪತ್ರ ಬರೆದು, ಸಿಕ್ಕಿ ಆದ ಪತ್ರವನ್ನು ಬುಟ್ಟಿಯಲ್ಲಿಟ್ಟ. ಮೈದಾನದ ಹಿಂದಿನ ಸಾಲಿನಲ್ಲಿ ಕುಳಿತಿದ್ದ ಒಬ್ಬ ಅಜ್ಜಿ ಕೈ ಮುಗಿದರು. ತೆಯ್ಯಂ ಕಟ್ಟುವ ನಾಡಿನಲ್ಲಿ ಸತ್ತ ವೀರ ತಿರುಗಿ ಬರುವುದು ಅಂಥ ದೊಡ್ಡ ಸುದ್ದಿಯೇನಲ್ಲ.

ಎಲ್ಲರಿಗಿಂತ ಕಷ್ಟಕ್ಕೆ ಬಿದ್ದವರು ಮೈಕಿನವರು. ಅವರು ಕಥಾಸಾರವನ್ನು ಬಿಟ್ಟುಕೊಡದೆ ಕೊನೆಯವರೆಗೂ ಪಕ್ಷಶಿಸ್ತಿನಿಂದ ಓದಿದರು.

ಆ ರಾತ್ರಿ ಮಾವನ ಮನೆಯ ಜಗಲಿಯಲ್ಲಿ ಚರ್ಚೆ. ನನ್ನ ಅಪ್ಪನೂ ಬಂದಿದ್ದರು. ಅವರು ತಾಳಮದ್ದಳೆಯ ಹವ್ಯಾಸಿ ಅರ್ಥಧಾರಿ. ಶೇಣಿ ಗೋಪಾಲಕೃಷ್ಣ ಭಟ್ಟರ ಅರ್ಥ ಕೇಳಲು ರಾತ್ರಿಯೆಲ್ಲ ನಡೆದು ಹೋಗುತ್ತಿದ್ದ ಪೈಕಿ. ಮಾವ ವೆರೋನಿಕಾಳ ಕಡೆ, ಅಪ್ಪ ಬೋರಿಸನ ಕಡೆ.

"ಭಾವ, ಇದು ಸುಧನ್ವನ ಪ್ರಸಂಗವೇ" ಎಂದು ಅಪ್ಪ ಪೀಠಿಕೆ ಹಾಕಿದರು. "ಯುದ್ಧಕ್ಕೆ ಹೊರಟ ಗಂಡನನ್ನು ಪ್ರಭಾವತಿ ತಡೆದು ನಿಲ್ಲಿಸಿದಳು. ಇವಳು ತಡೆಯಲಿಕ್ಕೆ ಬಂದಾಗ ಹೊತ್ತಾಗಿತ್ತು. ತಂದ ಬಿಸ್ಕಿಟು ಪೊಟ್ಟಣ ಸೈನಿಕರ ಕಾಲಡಿಗೆ ಬಿದ್ದು ಪುಡಿಯಾಯಿತು. ಅಲ್ಲಿಗೆ ಕರುಣರಸ ಸರಿ. ಆದರೆ ಸುಧನ್ವ ಸತ್ತ ಮೇಲೆ ಪ್ರಭಾವತಿ ಪಿಯಾನೊದವನನ್ನು ಮದುವೆಯಾಗಲಿಲ್ಲ."

"ಪ್ರಭಾವತಿಯ ಮನೆಗೆ ಬಾಂಬು ಬಿದ್ದಿತ್ತಾ?" ಎಂದರು ಮಾವ. "ಅಪ್ಪ ಅಮ್ಮ ಮನೆ ಎಲ್ಲ ಒಂದೇ ರಾತ್ರಿಗೆ ಹೋಯಿತಾ? ಮೆಟ್ಟಿಲು ಹತ್ತಿ ಬಾಗಿಲು ತೆರೆದರೆ ಆಚೆ ಕೋಣೆಯೇ ಇಲ್ಲ, ಆಕಾಶ ಉಂಟು. ಅಂಥ ಹುಡುಗಿಯ ಹತ್ತಿರ ಧರ್ಮ ಕೇಳುತ್ತೀರಾ ನೀವು?"

"ಧರ್ಮ ಕೇಳುವುದೇ ಅಂಥ ಹೊತ್ತಿನಲ್ಲಿ ಭಾವ. ಹೊಟ್ಟೆ ತುಂಬಿದವನ ಹತ್ತಿರ ಯಾರು ಕೇಳುತ್ತಾರೆ?"

ಅಷ್ಟರಲ್ಲಿ ಅತ್ತೆ ಗಂಜಿಗೆ ಕರೆಯಲು ಬಂದವರು ಹೊಸ್ತಿಲಲ್ಲೇ ನಿಂತು ಒಂದು ಮಾತು ಹೇಳಿದರು. "ಅವನು ಮೊದಲು ಸತ್ತ, ಆಮೇಲೆ ಬಂದ. ಬಂದವನು ಒಂದು ಮಾತಾದರೂ ಅವಳನ್ನು ಬೈದನಾ? ಅವನಿಗೇ ಇಲ್ಲದ ಸಿಟ್ಟು ನಿಮಗೆ ಯಾಕೆ?" ಇಬ್ಬರು ಅರ್ಥಧಾರಿಗಳೂ ಎದ್ದು ಕೈ ತೊಳೆದರು.

ರೀಲು ಅದಲುಬದಲಾದದ್ದು ಮರುದಿನ ಗೊತ್ತಾಯಿತು. ಆದರೆ ತೀರ್ಪು ಬದಲಾಗಲಿಲ್ಲ. ನಿಜ ಹೇಳುವುದಾದರೆ ಆ ಚಿತ್ರದ ವೆರೋನಿಕಾ ಸಹ ಬೋರಿಸ್ ಸತ್ತನೆಂದು ಕೊನೆಯವರೆಗೂ ನಂಬುವುದಿಲ್ಲ. ಯುದ್ಧ ಮುಗಿದು ರೈಲು ಬರುವಾಗ ಬಿಳಿ ಉಡುಪು ಉಟ್ಟು, ಹೂಗೊಂಚಲು ಹಿಡಿದು ಸ್ಟೇಷನ್ನಿಗೆ ಹೋಗುತ್ತಾಳೆ. ಅವನು ಬರುವುದಿಲ್ಲ. ಅಳುತ್ತಳುತ್ತಲೇ ಬಂದವರಿಗೆಲ್ಲ ಒಂದೊಂದು ಹೂ ಹಂಚುತ್ತಾಳೆ. ಅವಳು ನಂಬಿದ ಕತೆಯನ್ನು ಅವಳು ನಂಬಿದ ಕ್ರಮದಲ್ಲೇ ತೋರಿಸಿದ್ದು ಜಗತ್ತಿನಲ್ಲಿ ಬಹುಶಃ ಚೀಮೇನಿಯ ಕಡೆಯ ಆ ಮೈದಾನ ಒಂದೇ.

ಈ ಪಾತ್ರ ಮಾಡುವಾಗ ಸಮೋಯ್ಲೊವಾಗೆ ಇಪ್ಪತ್ತಮೂರರ ಆಸುಪಾಸು. ಜೊತೆಗೆ ಕ್ಷಯ. ನಿರ್ದೇಶಕ ಮಿಖಾಯಿಲ್ ಕಲತೋಜೊವ್, ಕ್ಯಾಮೆರಾ ಸೆರ್ಗೇಯ್ ಉರುಸೆವ್ಸ್ಕಿ. ಈ ಉರುಸೆವ್ಸ್ಕಿ ಯುದ್ಧಕಾಲದಲ್ಲಿ ರಣರಂಗದ ಕ್ಯಾಮೆರಾ ಹಿಡಿದವರು, ಅದನ್ನು ಸ್ಟ್ಯಾಂಡಿಗೆ ಕಟ್ಟಿಹಾಕುವ ಅಭ್ಯಾಸವೇ ಹೋಗಿತ್ತು. ವೆರೋನಿಕಾ ಬಸ್ಸಿನಲ್ಲಿ ಕುಳಿತಿದ್ದಾಳೆ, ಕ್ಯಾಮೆರಾ ಪಕ್ಕದಲ್ಲಿದೆ. ಅವಳು ಇಳಿದರೆ ಅದೂ ಇಳಿಯುತ್ತದೆ, ಗುಂಪಿನಲ್ಲಿ ನುಗ್ಗಿದರೆ ಅದೂ ನುಗ್ಗುತ್ತದೆ. ಅವಳು ಟ್ಯಾಂಕುಗಳ ಸಾಲಿನ ನಡುವೆ ಓಡುವಾಗ ಇದು ಮಾತ್ರ ಮೇಲೇರಿ ಆಕಾಶದಿಂದ ನೋಡುತ್ತದೆ. ನಡುವೆ ಕತ್ತರಿ ಇಲ್ಲ. 1957ರಲ್ಲಿ ಬಂದ ಚಿತ್ರ 1958ರಲ್ಲಿ ಫ್ರಾನ್ಸಿನ ಕಾನ್ ಉತ್ಸವದಲ್ಲಿ ಪಾಮ್ ದೋರ್ ಗೆದ್ದಿತು. ಸಮೋಯ್ಲೊವಾಗೆ ವಿಶೇಷ ಮನ್ನಣೆ ಬೇರೆ. ಅದುವರೆಗೆ ಸೋವಿಯತ್ ಸಿನಿಮಾದ ಹೆಣ್ಣೆಂದರೆ ಟ್ರ್ಯಾಕ್ಟರಿನ ಮೇಲೆ ಕುಳಿತವಳು. ಇವಳು ತಪ್ಪು ಮಾಡಿದಳು, ತಪ್ಪು ಮಾಡಿಯೂ ನಾಯಕಿಯಾಗಿ ಉಳಿದಳು. ಫ್ರಾನ್ಸಿನವರಿಗೂ ಅತ್ತೆಗೂ ಹಿಡಿಸಿದ್ದು ಅದೇ ಇರಬೇಕು.

ಹಾಲಿವುಡ್ಡಿನಿಂದ ಕರೆ ಬಂತು. ಸೋವಿಯತ್ ಅಧಿಕಾರಿಗಳು ಹೋಗಗೊಡಲಿಲ್ಲ. "ಒಳ್ಳೆಯದಾಯಿತು, ಹೋಗಿದ್ದರೆ ಹಾಳು ಮಾಡಿಬಿಡುತ್ತಿದ್ದರು" ಎಂದು ಮಾವ ಹೇಳುತ್ತಿದ್ದರು. ಹಾಳು ಮಾಡುತ್ತಿದ್ದರೋ ಏನೋ. ಆದರೆ ನಾವು ಕಾಸರಗೋಡಿನ ಕನ್ನಡದವರು. ರಾತ್ರಿ ದಕ್ಷಿಣ ಕನ್ನಡದಲ್ಲಿ ಮಲಗಿ 1956ರ ನವೆಂಬರ್ 1ರಂದು ಬೆಳಿಗ್ಗೆ ಕೇರಳದಲ್ಲಿ ಎದ್ದವರು. ಮೇಲೆ ಕುಳಿತವರು ನಮ್ಮ ಒಳ್ಳೆಯದಕ್ಕೇ ಗೆರೆ ಎಳೆದರೆ ಹೇಗಿರುತ್ತದೆ ಎಂಬ ವಿಷಯದಲ್ಲಿ ನಮಗೆ ಸ್ವಲ್ಪ ಅನುಭವ ಉಂಟು. ಅಪ್ಪ ಮಾತ್ರ ಆಗ ಕೆಮ್ಮುತ್ತಿದ್ದರು, ಮಾವನಿಗೆ ಅರ್ಥವಾಗುತ್ತಿತ್ತು.

ದೇಶದ ಒಳಗೆ ಅವಳಿಗೆ ಕೆಲಸ ಇರಲಿಲ್ಲವೆಂದಲ್ಲ. ಅದೇ ಕಲತೋಜೊವ್, ಅದೇ ಉರುಸೆವ್ಸ್ಕಿ ಸೇರಿ 'ಕಳುಹಿಸದ ಪತ್ರ' ಮಾಡಿದರು. ಸೈಬೀರಿಯದ ಕಾಡಿನಲ್ಲಿ ವಜ್ರ ಹುಡುಕಲು ಹೋದ ನಾಲ್ವರು ಕಾಡ್ಗಿಚ್ಚಿಗೆ ಸಿಕ್ಕುವ ಕತೆ, ಅದರಲ್ಲಿ ಇವಳೊಬ್ಬಳೇ ಹೆಂಗಸು. ಹಂಗೆರಿಯವರ 'ಆಲ್ಬಾ ರೇಗಿಯಾ' ಎಂಬ ಚಿತ್ರ 1961ರಲ್ಲಿ, ಇಟಲಿಯವರದ್ದು ಇನ್ನೊಂದು 1964ರಲ್ಲಿ. ಅವು ಯಾವುವೂ ನಮ್ಮ ಮೈದಾನಕ್ಕೆ ಬರಲಿಲ್ಲವಾದ್ದರಿಂದ ಆ ಬಗ್ಗೆ ಜಗಲಿಯಲ್ಲಿ ಅಭಿಪ್ರಾಯಭೇದಗಳೂ ಇಲ್ಲ.

ಆ ಮೇಲೆ ಅನ್ನಾ ಕರೆನಿನಾ, 1967. ನಿರ್ದೇಶಕ ಅಲೆಕ್ಸಾಂದರ್ ಜಾರ್ಖಿ. ಬೆಟ್ಸಿಯ ಪಾತ್ರಕ್ಕೆ ಬೊಲ್ಷೊಯ್‌ನ ಮಹಾನರ್ತಕಿ ಮಾಯಾ ಪ್ಲಿಸೆತ್‌ಸ್ಕಾಯಾ, ಸಂಗೀತ ಆಕೆಯ ಗಂಡ ರೊದಿಯೊನ್ ಶ್ಚೆದ್ರಿನ್ ಅವರದ್ದು. ಅನ್ನಾಳನ್ನು ಮರುಳು ಮಾಡುವ ವ್ರಾನ್‌ಸ್ಕಿಯ ಪಾತ್ರ ವಸೀಲಿ ಲನವೊಯ್‌ಗೆ. ಈ ಲನವೊಯ್ ಸಮೋಯ್ಲೊವಾಳ ಮೊದಲ ಗಂಡ. ಕಲಿಯುವ ಕಾಲದಲ್ಲಿ ಕೂಡಿದವರು, ಬಿಟ್ಟು ವರ್ಷಗಳೇ ಆಗಿದ್ದವು. ಈಗ ಸರಕಾರದ ಖರ್ಚಿನಲ್ಲಿ ಇಬ್ಬರೂ ಕಣ್ಣಿಗೆ ಕಣ್ಣಿಟ್ಟು ಹುಚ್ಚು ಪ್ರೇಮ ಮಾಡಬೇಕು. ಇದನ್ನು ಮಾವ ಹೇಳಿದ ದಿನ ಅತ್ತೆ ತೆಂಗಿನಕಾಯಿ ತುರಿಯುವುದನ್ನೇ ನಿಲ್ಲಿಸಿದ್ದರು.

"ಬಿಟ್ಟ ಗಂಡನ ಜೊತೆಗಾ?"

"ಕಲೆ ಅಂದರೆ ಹಾಗೆಯೇ."

"ಕಟ್ಟಿಕೊಂಡವನ ಜೊತೆ ಹಾಗೆ ನೋಡುವುದೇ ಕಷ್ಟ ಉಂಟು" ಎಂದು ಹೇಳಿ ಅತ್ತೆ ಮತ್ತೆ ತುರಿಯತೊಡಗಿದರು. ಮಾವ ಆ ದಿನ ಬೇಗ ವಾಯನಶಾಲೆಗೆ ಹೋದರು.

ಇಲ್ಲಿ ಒಂದು ಮಾತು. ರಷ್ಯದ ನಟಿ ಎಂದರೆ ನಮ್ಮ ದೇಶದ ಹೆಚ್ಚಿನವರಿಗೆ ನೆನಪಾಗುವುದು ಸಮೋಯ್ಲೊವಾ ಅಲ್ಲ, 'ಮೇರಾ ನಾಮ್ ಜೋಕರ್'ನ ಮರೀನಾ. 1970ರಲ್ಲಿ ರಾಜ್ ಕಪೂರ್ ತಮ್ಮ ಸರ್ಕಸ್ಸಿಗೆ ಕರೆತಂದ ಕ್ಸೇನಿಯಾ ರ್ಯಾಬಿಂಕಿನಾ. ಆಕೆ ನಿಜಕ್ಕೂ ಬೊಲ್ಷೊಯ್‌ನ ನರ್ತಕಿ. 2009ರಲ್ಲಿ ರಿಷಿ ಕಪೂರ್ ಜೊತೆ 'ಚಿಂಟೂಜಿ'ಯಲ್ಲಿ ಮತ್ತೆ ಬಂದಾಗ ನೋಡಿದವರು ಕಡಿಮೆ. ನಮ್ಮಿಂದ ಅತ್ತ ಹೋದವರೂ ಇದ್ದರು. ಅಫನಾಸಿ ನಿಕಿತಿನ್ ಎಂಬ ರಷ್ಯದ ವ್ಯಾಪಾರಿ ಹದಿನೈದನೆಯ ಶತಮಾನದಲ್ಲಿ ನಮ್ಮ ಬೀದರಿಗೆ ಬಂದುಹೋದ ಕತೆಯನ್ನು ಕೆ.ಎ. ಅಬ್ಬಾಸ್ ಮತ್ತು ಸೋವಿಯತ್‌ನವರು ಸೇರಿ 'ಪರದೇಸಿ' ಮಾಡಿದಾಗ, ನರ್ಗಿಸ್ ಜೊತೆಗೆ ತಿರುವಾಂಕೂರಿನ ಪದ್ಮಿನಿಯೂ ಅದರಲ್ಲಿ ಕುಣಿದರು. ಕರ್ನಾಟಕದ ಸಂಬಂಧವಂತೂ ಇನ್ನೂ ಹತ್ತಿರದ್ದು. ಹಿಂದಿಯ ಮೊದಲ ಮಹಾನಟಿ ದೇವಿಕಾರಾಣಿ 1945ರಲ್ಲಿ ಚಿತ್ರಕಾರ ಸ್ವೆತೊಸ್ಲಾವ್ ರೋರಿಕ್‌ರನ್ನು ಮದುವೆಯಾಗಿ, ಸಿನಿಮಾ ಬಿಟ್ಟು, ಮುಂದೆ ಬೆಂಗಳೂರಿನ ಹೊರಗೆ ಕನಕಪುರ ರಸ್ತೆಯ ತಾತಗುಣಿಯಲ್ಲಿ ಸುಗಂಧ ತೈಲದ ಮರ ಬೆಳೆಸಿಕೊಂಡಿದ್ದರು. ಗಂಡ 1993ರಲ್ಲಿ, ಹೆಂಡತಿ 1994ರಲ್ಲಿ ತೀರಿಕೊಂಡರು. ಅಲ್ಲಿಗೆ ನಮ್ಮಲ್ಲಿ ರಷ್ಯದ ಅಳಿಯ ಇದ್ದರು, ರಷ್ಯದ ಸೊಸೆ ನನ್ನ ಗಣಿತ ಪುಸ್ತಕದ ಮೇಲೆ ಮಾತ್ರ.

ಅನ್ನಾಳ ನಂತರ ಸಮೋಯ್ಲೊವಾಳಿಗೆ ದೊಡ್ಡ ಪಾತ್ರವೆಂಬುದು ಹೆಚ್ಚುಕಡಿಮೆ ಬರಲಿಲ್ಲ. ಎಪ್ಪತ್ತರ ದಶಕದಲ್ಲಿ ಅಲ್ಲೊಂದು ಇಲ್ಲೊಂದು ಚಿತ್ರ, ಆಮೇಲೆ ಉದ್ದಕ್ಕೆ ಖಾಲಿ. ನನಗೆ ಆ ಮೈದಾನದ ಪ್ರೊಜೆಕ್ಟರಿನವನ ನೆನಪಾಗುವುದು ಇಲ್ಲಿ. ಇವಳ ಆಯುಷ್ಯಕ್ಕೂ ಡಬ್ಬಿ ಹಾಕಿದವನು ಅವನೇ ಇರಬೇಕು. ಸ್ಟೇಷನ್ನು, ಹೂ, ಚಪ್ಪಾಳೆ, ಬೇರೆಯವರಿಗೆ ಕೊನೆಗೆ ಬರುವುದೆಲ್ಲ ಇವಳಿಗೆ ಇಪ್ಪತ್ತನಾಲ್ಕಕ್ಕೆ ಬಂತು. ಕಾಯುವ ಭಾಗ ಆಮೇಲೆ, ಅದೂ ಅರ್ಧ ಶತಮಾನ. ನಾವು ಇತ್ತ ಅವಳ ಮೂವತ್ತಮೂರರ ಮುಖವನ್ನು ಮಡಚಿ, ಅಂಟಿಸಿ, ಮಳೆಯಲ್ಲಿ ಒರೆಸಿ, ತಮ್ಮನಿಗೆ, ತಂಗಿಗೆ ದಾಟಿಸುತ್ತ ಇದ್ದೆವು. ಅವಳು ಅತ್ತ ನಲವತ್ತಾದಳು, ಐವತ್ತಾದಳು. ಅಂಚೆಯಲ್ಲಿ ಬರುವ ದೇಶಕ್ಕೆ ವಯಸ್ಸಾಗುವುದಿಲ್ಲ, ಅದು ಬರುವುದು ನಿಲ್ಲುತ್ತದೆ ಅಷ್ಟೆ.

1991ರಲ್ಲಿ ನಿಂತಿತು. ಡಿಸೆಂಬರಿನಲ್ಲಿ ಸೋವಿಯತ್ ಒಕ್ಕೂಟ ವಿಸರ್ಜನೆಯಾದ ಸುದ್ದಿಯನ್ನು ಮಾವ ಬಹಳ ದಿನ ಒಪ್ಪಲಿಲ್ಲ. "ಪೇಪರಿನವರು ಬರೆಯುತ್ತಾರೆ ಮಾರಾಯ, ಅವರಿಗೇನು?" ಎನ್ನುತ್ತಿದ್ದರು. ಅತ್ತೆ ಬೇಜಾರು ಪಟ್ಟದ್ದು ಕ್ಯಾಲೆಂಡರಿಗೆ. ಅದರ ಹಿಂಬದಿಯಲ್ಲಿ ಹಪ್ಪಳ ಒಣಗಿಸಿದರೆ ಅಂಟುತ್ತಿರಲಿಲ್ಲ. ಆ ಮೇಲೆ ನಮ್ಮ ಮನೆಯ ಮಕ್ಕಳ ಪುಸ್ತಕಗಳಿಗೆ ಅಂಗಡಿಯ ಕಂದು ಕಾಗದ ಬಂತು. ಈಗ ಎಲ್ಲ ಪುಸ್ತಕ ಒಂದೇ ಬಣ್ಣ, ಒಂದರ ಮೇಲೂ ಒಂದು ಮುಖ ಇಲ್ಲ.

ಮಾವ ತೀರಿಕೊಂಡ ಮೇಲೆ ಅವರ ಕಪಾಟಿನಲ್ಲಿದ್ದ ಸೋವಿಯತ್ ಪುಸ್ತಕಗಳಿಗೆ ಗೆದ್ದಲು ಹಿಡಿಯಲಿಲ್ಲ ಎಂಬುದನ್ನು ಇಲ್ಲಿ ದಾಖಲಿಸಬೇಕು. ಪಕ್ಕದ ಕಪಾಟಿನ ರಾಮಾಯಣವನ್ನು ತಿಂದಿತ್ತು. ಇದರಿಂದ ಯಾವ ಸಿದ್ಧಾಂತ ಹೊರಡಿಸಬೇಕೋ ನನಗೆ ತಿಳಿಯದು. ಅಪ್ಪ ಇದ್ದಿದ್ದರೆ ಗೆದ್ದಲಿಗೆ ರುಚಿ ಗೊತ್ತು ಎನ್ನುತ್ತಿದ್ದರು.

2000ದ ಆಚೆಗೆ ಸಮೋಯ್ಲೊವಾ ಕೆಲವು ಟಿವಿ ಧಾರಾವಾಹಿಗಳಲ್ಲಿ ಸಣ್ಣ ಪಾತ್ರ ಮಾಡಿದ್ದಳು. ತೀರಿಕೊಂಡದ್ದು ಮಾಸ್ಕೋದಲ್ಲಿ, 2014ರ ಮೇ 4ರಂದು. ಹುಟ್ಟಿದ್ದೂ ಮೇ 4. ಸರಿಯಾಗಿ ಎಂಬತ್ತು ತುಂಬಿದ ದಿನ. ಇದನ್ನು ಅಮ್ಮನಿಗೆ ಹೇಳಿದೆ. ಅಮ್ಮ ಒಂದು ಕ್ಷಣ ಲೆಕ್ಕ ಹಾಕಿ, "ಒಂದು ದಿನ ಹೆಚ್ಚಿಲ್ಲ, ಒಂದು ದಿನ ಕಡಿಮೆಯಿಲ್ಲ. ಬಾಕಿ ಉಳಿಸದೆ ಹೋದಳು" ಎಂದರು. ಅಡಿಕೆ ವ್ಯಾಪಾರದವರ ಮನೆಯ ಮಗಳು, ಲೆಕ್ಕ ಚುಕ್ತಾ ಆದರೆ ಅವರಿಗೆ ನೆಮ್ಮದಿ.

ಹಳೆಯ ಚಿತ್ರಗಳನ್ನು ಮೋಸ್‌ಫಿಲ್ಮ್‌ನವರೇ ಈಗ ಯೂಟ್ಯೂಬಿನಲ್ಲಿ ಬಿಟ್ಟಿದ್ದಾರೆ, ಬಿಡಿಕಾಸು ಕೇಳುವುದಿಲ್ಲ. ಮೊನ್ನೆ ರಜೆಗೆ ಬಂದ ತಂಗಿಯ ಮಗಳು ಮಂಚದ ಮೇಲೆ ಅಜ್ಜಿಯ ಪಕ್ಕ ಕುಳಿತು, ದಿಂಬಿಗೆ ಮೊಬೈಲು ಒರಗಿಸಿ ಕೊಕ್ಕರೆಗಳ ಚಿತ್ರ ಹಾಕಿದಳು. ನಾನು ಹಿಂದೆ ನಿಂತು ನೋಡಿದೆ. ಎಲ್ಲ ಕ್ರಮಪ್ರಕಾರ ನಡೆಯಿತು. ಹುಡುಗ ಹುಡುಗಿ ಓಡಿದರು, ಯುದ್ಧ ಬಂತು, ಪತ್ರ ಇಟ್ಟ, ಹೋದ, ಸತ್ತ. ಸತ್ತವನು ಸತ್ತೇ ಹೋದ. ನನಗೆ ಮಾತ್ರ ಇಡೀ ಚಿತ್ರದಲ್ಲಿ ಏನೋ ಕಡಿಮೆಯಾದಂತಾಯಿತು. ಇನ್ನೊಂದು ಡಬ್ಬಿ ಉಂಟು, ಅದನ್ನು ಹಾಕಿದರೆ ಅವನು ಬರುತ್ತಾನೆ ಎಂದು ಮೈಕು ಹಿಡಿದು ಹೇಳಬೇಕೆನಿಸಿತು. ಸೊಸೆ ನಂಬುವವಳಲ್ಲ, ಅವಳು ಇಂಜಿನಿಯರಿಂಗು ಓದುತ್ತಿದ್ದಾಳೆ.

ಅಮ್ಮ ಕಣ್ಣು ಒರೆಸಿಕೊಂಡರು. ಮಾರ್ಕನ ಬಗ್ಗೆ ಒಂದೆರಡು ಮಾತಾಡಿದರು, ಇಲ್ಲಿ ಬರೆಯುವಂಥದ್ದಲ್ಲ. ಆ ಮೇಲೆ, "ಇವಳದ್ದು ಬೇರೆ ಉಂಟಾ?" ಎಂದು ಕೇಳಿದರು.

"ಉಂಟು ಅಜ್ಜಿ, ಅನ್ನಾ ಕರೆನಿನಾ. ಆದರೆ ಎರಡು ಗಂಟೆ ಇಪ್ಪತ್ತೈದು ನಿಮಿಷ. ನಾಳೆ ನೋಡುವ, ಬಹಳ ಉದ್ದ."

"ಅಷ್ಟೆಯಾ?" ಎಂದರು ಅಮ್ಮ, ಕಾಲು ನೀಡಿ ಸರಿಯಾಗಿ ಒರಗಿಕೊಳ್ಳುತ್ತ. "ಅಷ್ಟು ಹೊತ್ತಿಗೆ ಆಟದಲ್ಲಿ ಪೀಠಿಕೆ ವೇಷವೂ ಮುಗಿಯುತ್ತಿರಲಿಲ್ಲ. ಹಾಕು."